ನೆಲದಡಿಯ ಕೆಲಸವೂ ಮಕ್ಕಳ ತಿಳಿವಳಿಕೆಯೂ

೧

ಪೇಟೆಯ ಬೀದಿಯಲ್ಲಿ ನೆಲವನ್ನು ಅಗೆಯತೊಡಗಿದರೆ ಅಲ್ಲಿಗೆ ಮೊದಲು ಬಂದು ನಿಲ್ಲುವವರು ಮಕ್ಕಳು. ದೊಡ್ಡವರು ದಾರಿ ಕೆಟ್ಟಿತೆಂದು ಗೊಣಗುತ್ತ ಬಳಸಿಕೊಂಡು ಹೋಗುತ್ತಾರೆ. ಮಕ್ಕಳು ಮಾತ್ರ ಸುತ್ತ ಕಟ್ಟಿದ ತಗಡಿನ ಸಂದಿಗೆ ಕಣ್ಣಿಟ್ಟು, ಕೆಳಗೆ ಕಾಣುವ ಕೆಮ್ಮಣ್ಣನ್ನೂ ಕೊಳವೆಗಳನ್ನೂ ತಲೆಗೆ ಬಟ್ಟೆ ಸುತ್ತಿದ ಆಳುಗಳನ್ನೂ ಎವೆಯಿಕ್ಕದೆ ನೋಡುತ್ತಾರೆ. “ಅಪ್ಪಾ, ಅವರು ಯಾಕೆ ಅಷ್ಟು ಕೆಳಗೆ ಇಳಿದಿದ್ದಾರೆ? ಮಣ್ಣು ಮೇಲೆ ಬಿದ್ದರೆ?” ಎಂದು ಮಗು ಕೇಳುತ್ತದೆ. “ಅದೆಲ್ಲ ನಿನಗೆ ಯಾಕೆ? ಬಾ, ಹೊತ್ತಾಯಿತು” ಎಂದು ತಂದೆ ಕೈ ಹಿಡಿದು ಎಳೆಯುತ್ತಾನೆ.

ಇದು ದಿನವೂ ನಡೆಯುವ ಸಣ್ಣ ಸಂಗತಿ. ಆದರೆ ಇದರಲ್ಲಿ ವಿಚಾರಾರ್ಹವಾದ ಒಂದು ಪ್ರಶ್ನೆ ಅಡಗಿದೆ. ಮನುಷ್ಯನ ನಿತ್ಯಜೀವನವನ್ನು ಹೊತ್ತಿರುವ ಕಟ್ಟಡಗಳ ಬಹುಭಾಗವು ಕಣ್ಣಿಗೆ ಕಾಣುವುದಿಲ್ಲ. ಗೋಡೆ ಕಾಣುತ್ತದೆ, ಅಸ್ತಿವಾರ ಕಾಣದು. ನಲ್ಲಿ ಕಾಣುತ್ತದೆ, ಕೊಳವೆ ಕಾಣದು. ಬಚ್ಚಲು ಕಾಣುತ್ತದೆ, ಅಲ್ಲಿಂದ ಹೋದ ನೀರಿನ ಗತಿ ಕಾಣದು. ಹೀಗೆ ಮರೆಯಾಗಿರುವ ಕೆಲಸವನ್ನು ಮಕ್ಕಳಿಗೆ ತೋರಿಸಬೇಕೆ? ತೋರಿಸುವುದಾದರೆ, ಆ ಕೆಲಸದ ಜಾಣ್ಮೆಯನ್ನು ಮಾತ್ರ ತೋರಿಸಬೇಕೆ, ಅದರ ಅಪಾಯವನ್ನೂ ಅದಕ್ಕಾಗಿ ಜೀವ ತೆತ್ತವರ ಸಂಗತಿಯನ್ನೂ ಹೇಳಬೇಕೆ? ಪಠ್ಯಕ್ರಮಕ್ಕೆ ಸಂಬಂಧಿಸಿದ ಪ್ರಶ್ನೆಯಂತೆ ಇದು ಮೊದಲ ನೋಟಕ್ಕೆ ತೋರಬಹುದು. ನಿಜವಾಗಿ ನೋಡಿದರೆ ಇದು ಧರ್ಮಜಿಜ್ಞಾಸೆಗೆ ಸೇರಿದುದು.

ಮಗು ಕೇಳಿದ ಪ್ರಶ್ನೆಗಳು ಎರಡೆಂಬುದನ್ನು ಗಮನಿಸಬೇಕು. ಕೆಳಗೆ ಇಳಿದುದು ಏಕೆ ಎಂಬುದೊಂದು. ಮಣ್ಣು ಮೇಲೆ ಬಿದ್ದರೆ ಏನು ಗತಿ ಎಂಬುದು ಇನ್ನೊಂದು. ಹಿರಿಯರು ಸಾಮಾನ್ಯವಾಗಿ ಇವೆರಡನ್ನೂ ಬೇರೆಬೇರೆ ಮಾಡುತ್ತಾರೆ. ಮೊದಲನೆಯದಕ್ಕೆ ಸಾಧ್ಯವಾದರೆ ಉತ್ತರ ಹೇಳುತ್ತಾರೆ. ಎರಡನೆಯದು ಅಪಶಕುನದ ಮಾತೆಂಬಂತೆ ಸುಮ್ಮನಾಗುತ್ತಾರೆ. ಈ ವಿಭಾಗವು ಸರಿಯೇ ಎಂಬುದೇ ಪ್ರಕೃತ ವಿಷಯ.

೨

ತೋರಿಸಬೇಕು ಎಂಬಷ್ಟರ ಮಟ್ಟಿಗೆ ಹೆಚ್ಚು ವಾದ ಬೇಕಾಗಲಾರದು. ಮೇಲ್ಮೈಯನ್ನು ಮಾತ್ರ ನೋಡಿ ಬೆಳೆದ ಮಗುವಿಗೆ ಗುಂಡಿಯನ್ನು ಒತ್ತುವುದೇ ದೀಪಕ್ಕೆ ಕಾರಣವೆಂದೂ, ತಿರುಪನ್ನು ತಿರುಗಿಸುವುದೇ ನೀರಿಗೆ ಕಾರಣವೆಂದೂ ತೋರುತ್ತದೆ. ಅಂಥವನು ಮುಂದೆ ಎಷ್ಟೇ ಓದಲಿ, ಲೋಕವು ತನಗಾಗಿ ಸಿದ್ಧವಾಗಿ ಬಂದಿದೆ ಎಂಬ ಭಾವನೆ ಅವನ ಮನಸ್ಸಿನ ತಳದಲ್ಲಿ ಉಳಿದುಬಿಡುತ್ತದೆ. ನೀರು ಬಾರದ ದಿನ ಅವನಿಗೆ ಕೋಪ ಬರುತ್ತದೆ. ನೀರು ಬಂದ ದಿನ ಏನೂ ತೋರುವುದಿಲ್ಲ.

ಈ ಕೊರತೆಯನ್ನು ಕಂಡವರು ಅದನ್ನು ತುಂಬಲು ಯತ್ನಿಸದೆ ಇಲ್ಲ. ಡೇವಿಡ್ ಮೆಕಾಲೆ ಎಂಬ ಚಿತ್ರಕಾರನು ೧೯೭೬ರಲ್ಲಿ ‘ಅಂಡರ್‌ಗ್ರೌಂಡ್’ ಎಂಬ ಪುಸ್ತಕವನ್ನು ಪ್ರಕಟಿಸಿದನು. ಎರಡು ಬೀದಿಗಳು ಕೂಡುವ ಒಂದು ಕಲ್ಪಿತ ಸ್ಥಳವನ್ನು ಆಯ್ದುಕೊಂಡು, ಅಲ್ಲಿಯ ನೆಲವನ್ನು ಗಾಜಿನಂತೆ ಮಾಡಿ, ಅಸ್ತಿವಾರ, ನೀರಿನ ಕೊಳವೆ, ಒಳಚರಂಡಿ, ವಿದ್ಯುತ್ತಿನ ತಂತಿ, ನೆಲದಡಿಯ ರೈಲುದಾರಿ ಇವುಗಳನ್ನೆಲ್ಲ ಎಳೆಯರಿಗೆ ತಿಳಿಯುವಂತೆ ರೇಖೆಗಳಲ್ಲಿ ತೋರಿಸಿದನು. ಕನ್ನಡದಲ್ಲಿ ಅದಕ್ಕೂ ಎಷ್ಟೋ ಮೊದಲು, ೧೯೩೦ರ ದಶಕದಲ್ಲಿಯೇ, ಶಿವರಾಮ ಕಾರಂತರು ‘ಬಾಲಪ್ರಪಂಚ’ದ ಸಂಪುಟಗಳ ಮೂಲಕ ಲೋಕದ ವಸ್ತುಗಳ ಪರಿಚಯವನ್ನು ಮಕ್ಕಳಿಗೆ ಮಾಡಿಕೊಡಲು ಹೊರಟಿದ್ದರು.

ಪುಸ್ತಕವಿಲ್ಲದಿದ್ದರೂ ಮಕ್ಕಳು ತಮ್ಮಷ್ಟಕ್ಕೆ ತಾವೇ ಈ ವಿದ್ಯೆಯ ಬಾಗಿಲಿಗೆ ಬರುತ್ತಾರೆ. ಹೊಳೆಯ ದಂಡೆಯಲ್ಲಿ ಒದ್ದೆ ಮರಳಿನ ಗುಪ್ಪೆ ಮಾಡಿ, ಇಬ್ಬರು ಮಕ್ಕಳು ಎರಡು ಕಡೆಯಿಂದ ಬೆರಳುಗಳಿಂದ ತೋಡುತ್ತ ಹೋಗಿ, ನಡುವೆ ಬೆರಳಿಗೆ ಬೆರಳು ತಗಲಿದಾಗ ಕೂಗಿ ನಗುವುದನ್ನು ನೋಡದವರಾರು? ಮರಳು ಒಣಗಿದ್ದರೆ ಗುಪ್ಪೆ ಕುಸಿಯುತ್ತದೆ, ಒದ್ದೆಯಾಗಿದ್ದರೆ ನಿಲ್ಲುತ್ತದೆ. ಮಾಡು ಚಪ್ಪಟೆಯಾದರೆ ಬೀಳುತ್ತದೆ, ಕಮಾನಾದರೆ ನಿಲ್ಲುತ್ತದೆ. ಇಷ್ಟನ್ನು ಯಾರೂ ಹೇಳಿಕೊಡದೆ ಕಲಿತವರಿಗೆ ಮುಂದಿನದನ್ನು ಹೇಳಿಕೊಡುವುದು ಕಷ್ಟವಲ್ಲ.

೩

ಕಷ್ಟವಿರುವುದು ಎರಡನೆಯ ಭಾಗದಲ್ಲಿ. ಅಪಾಯವನ್ನೂ ಸಾವನ್ನೂ ಮಕ್ಕಳಿಗೆ ಹೇಳಬಾರದೆಂಬ ಪಕ್ಷಕ್ಕೆ ಆಧಾರವಿಲ್ಲವೆಂದು ತಳ್ಳಿಹಾಕುವಂತಿಲ್ಲ. ಆ ಪಕ್ಷದವರು ಮುಖ್ಯವಾಗಿ ಎರಡು ಮಾತುಗಳನ್ನು ಹೇಳುತ್ತಾರೆ.

ಎಳೆಯ ಮನಸ್ಸಿನಲ್ಲಿ ಭಯವು ಬೇಗ ಬೇರೂರುತ್ತದೆ ಎಂಬುದು ಮೊದಲನೆಯ ಮಾತು. ಸುರಂಗದಲ್ಲಿ ಜನ ಸಿಕ್ಕಿಬಿದ್ದರೆಂದು ಕೇಳಿದ ಮಗು ರಾತ್ರಿ ನಿದ್ರೆಯಲ್ಲಿ ಬೆಚ್ಚುತ್ತದೆ. ರೈಲು ಸುರಂಗವನ್ನು ಹೊಕ್ಕಾಗ ತಾಯಿಯ ಸೆರಗಿನಲ್ಲಿ ಮುಖ ಮುಚ್ಚಿಕೊಳ್ಳುತ್ತದೆ. ತಿಳಿವಳಿಕೆ ಕೊಡಲು ಹೋಗಿ ಧೈರ್ಯವನ್ನು ಕಿತ್ತುಕೊಂಡಂತಾಯಿತು. ಎರಡನೆಯದು ಇದಕ್ಕಿಂತ ಸೂಕ್ಷ್ಮವಾದುದು. ಏನನ್ನೂ ಮಾಡಲಾಗದವನಲ್ಲಿ ಕರುಣೆಯನ್ನು ಹುಟ್ಟಿಸುವುದು ಒಳ್ಳೆಯದಲ್ಲ ಎನ್ನುತ್ತಾರೆ ಅವರು. ಪರರ ಕಷ್ಟವನ್ನು ಕೇಳಿ ಮರುಗಿ, ಆದರೆ ಕೈಯಲ್ಲಿ ಏನೂ ಆಗದೆ, ಮತ್ತೆ ಮತ್ತೆ ಮರುಗಿದ ಮನಸ್ಸು ಕೊನೆಗೆ ಜಡವಾಗುತ್ತದೆ. ಹತ್ತು ವರ್ಷದ ಹುಡುಗನಿಗೆ ಕೂಲಿಯಾಳಿನ ಸಾವನ್ನು ಹೇಳಿ ಮಾಡಬೇಕಾದುದೇನು? ಅವನು ಬೆಳೆಯಲಿ, ಸಮಯ ಬಂದಾಗ ತಿಳಿಯಲಿ. ಈಗ ಯಂತ್ರದ ಸೊಗಸನ್ನು ಕಂಡು ಬೆರಗಾದರೆ ಸಾಕು.

ಈ ಮಾತುಗಳಲ್ಲಿ ಅನುಭವವಿದೆ. ಆದರೆ ಇವೆರಡಕ್ಕೂ ತಳಹದಿಯಾಗಿ ಒಂದು ಊಹೆ ನಿಂತಿದೆ: ನೆಲದಡಿಯ ಕೆಲಸದಲ್ಲಿ ಜಾಣ್ಮೆ ಬೇರೆ, ಅಪಾಯ ಬೇರೆ, ಒಂದನ್ನು ಬಿಟ್ಟು ಇನ್ನೊಂದನ್ನು ಹೇಳಬಹುದು ಎಂಬುದು. ಈ ಊಹೆ ನಿಲ್ಲುತ್ತದೆಯೇ ಎಂಬುದನ್ನು ಕೆಲಸವನ್ನೇ ಹತ್ತಿರದಿಂದ ನೋಡಿ ಪರೀಕ್ಷಿಸಬೇಕು.

೪

ದಕ್ಷಿಣ ಕನ್ನಡದಲ್ಲಿಯೂ ಕಾಸರಗೋಡಿನಲ್ಲಿಯೂ ಗುಡ್ಡದ ಪಕ್ಕಕ್ಕೆ ಅಡ್ಡಲಾಗಿ ತೋಡಿದ ನೀರಿನ ಸುರಂಗಗಳಿವೆ. ಒಬ್ಬ ಮನುಷ್ಯನು ಗುದ್ದಲಿಯನ್ನು ಆಡಿಸಲು ಬೇಕಾದಷ್ಟೇ ಅಗಲ. ತಲೆ ತಗ್ಗಿಸಿ ನಡೆಯಬೇಕಾದಷ್ಟು ಎತ್ತರ. ಮುರಕಲ್ಲನ್ನು ಕಡಿಯುತ್ತ ಗುಡ್ಡದ ಹೊಟ್ಟೆಯೊಳಗೆ ಹೋದರೆ ಎಲ್ಲೋ ಒಂದೆಡೆ ಕಲ್ಲಿನ ಸಂದಿನಿಂದ ನೀರು ಜಿನುಗುತ್ತದೆ. ನೆಲವನ್ನು ಬಾಯಿಯ ಕಡೆಗೆ ಸ್ವಲ್ಪ ಇಳಿಜಾರಾಗಿ ಇಟ್ಟಿರುವುದರಿಂದ ಆ ನೀರು ಯಾರೂ ಎತ್ತದೆ, ಯಾವ ಯಂತ್ರವೂ ಇಲ್ಲದೆ, ತಾನೇ ಹರಿದು ಹೊರಗಿನ ತೊಟ್ಟಿಗೆ ಬರುತ್ತದೆ. ಅಡ್ಯನಡ್ಕದ ಬಳಿಯ ಅಮೈ ಮಹಾಲಿಂಗ ನಾಯ್ಕರು ಕೂಲಿ ಮಾಡಿ ಬದುಕುತ್ತಿದ್ದವರು. ಬೋಳುಗುಡ್ಡದ ಜಮೀನೊಂದು ದೊರೆತಾಗ ಅವರು ನೀರಿಗಾಗಿ ಒಬ್ಬರೇ ಸುರಂಗ ತೋಡತೊಡಗಿದರು. ಒಂದಾದಮೇಲೊಂದು ಸುರಂಗವು ಬರಿದಾದರೂ ಬಿಡದೆ ತೋಡಿ ಕೊನೆಗೆ ನೀರನ್ನು ಕಂಡರು. ಆ ಗುಡ್ಡದಲ್ಲಿ ತೋಟವನ್ನೂ ಎಬ್ಬಿಸಿದರು. ೨೦೨೨ರಲ್ಲಿ ಅವರಿಗೆ ಪದ್ಮಶ್ರೀ ಪ್ರಶಸ್ತಿ ಬಂದಿತು.

ಸುರಂಗ ತೋಡುವವನು ಜೊತೆಗೆ ಒಂದು ದೀಪವನ್ನೋ ಮೇಣದ ಬತ್ತಿಯನ್ನೋ ಒಯ್ಯುತ್ತಾನೆ. ಅದು ಬೆಳಕಿಗಾಗಿ ಎಂದು ಹೇಳಿದರೆ ಅರ್ಧ ಹೇಳಿದಂತಾಯಿತು. ಒಳಗೆ ಉಸಿರಿಗೆ ತಕ್ಕ ಗಾಳಿ ಇಲ್ಲದಿದ್ದರೆ ಮನುಷ್ಯನು ಎಚ್ಚರ ತಪ್ಪುವ ಮೊದಲೇ ದೀಪ ಮಂಕಾಗುತ್ತದೆ, ಆರುತ್ತದೆ. ದೀಪವೆಂದರೆ ಅವನ ಪ್ರಾಣದ ಕಾವಲು. ಇದನ್ನು ಬಿಟ್ಟು ದೀಪವನ್ನು ವಿವರಿಸುವುದು ಹೇಗೆ?

ಬೀದರಿನ ಬಳಿ ನೌಬಾದಿನಲ್ಲಿ ಬಹಮನಿ ಸುಲ್ತಾನರ ಕಾಲದ, ೧೫ನೆಯ ಶತಮಾನದ, ಕರೇಜ್ ಎಂಬ ನೆಲದಡಿಯ ಕಾಲುವೆ ಇದೆ. ಈ ವಿದ್ಯೆ ಪರ್ಷಿಯಾದಿಂದ ಬಂದದ್ದು. ಅಲ್ಲಿಯ ಇಂಥ ಕಾಲುವೆಗಳನ್ನು ೨೦೧೬ರಲ್ಲಿ ವಿಶ್ವಪರಂಪರೆಯ ಪಟ್ಟಿಗೆ ಸೇರಿಸಿದರು. ದೂರದ ಎತ್ತರದ ನೆಲದಲ್ಲಿ ಮೂಲಬಾವಿಯೊಂದನ್ನು ತೋಡಿ, ಅದರ ನೀರನ್ನು ನೆಲದೊಳಗಿನ ಇಳಿಜಾರಿನಲ್ಲಿ ಊರಿನವರೆಗೆ ತರುತ್ತಾರೆ. ಕಾಲುವೆಯ ಉದ್ದಕ್ಕೂ ನಡುನಡುವೆ ಬಾವಿಯಂಥ ಗುಂಡಿಗಳು ಮೇಲಿನಿಂದ ಇಳಿದಿವೆ. ಇಷ್ಟೊಂದು ಗುಂಡಿಗಳೇಕೆ ಎಂದು ಮಗು ಕೇಳೀತು. ಅಗೆದ ಮಣ್ಣನ್ನು ಮೇಲಕ್ಕೆ ಎತ್ತುವುದಕ್ಕೆ, ಮತ್ತು ಕೆಳಗೆ ಅಗೆಯುವವನಿಗೆ ಗಾಳಿ ಇಳಿಯುವುದಕ್ಕೆ. ಬಾಯಿಯಿಂದ ಬಹುದೂರ ಹೋದವನು ಉಸಿರುಗಟ್ಟಿ ಸಾಯಬಾರದೆಂದೇ ಮೇಲಿನ ಬಯಲಿನಲ್ಲಿ ಆ ಗುಂಡಿಗಳ ಸಾಲು. ಬಯಲಿನಲ್ಲಿ ನಿಂತು ಆ ಸಾಲನ್ನು ನೋಡಿದ ಮಗುವಿಗೆ ಕಾಣುವುದು ಒಂದು ಕಾಲದ ಜನ ತಮ್ಮ ಕೆಲಸಗಾರರ ಉಸಿರಿಗೆ ಮಾಡಿಕೊಟ್ಟ ಏರ್ಪಾಡು.

ಇನ್ನು ದೊಡ್ಡ ನಿದರ್ಶನವೊಂದನ್ನು ತೆಗೆದುಕೊಳ್ಳೋಣ. ಲಂಡನ್ನಿನ ಥೇಮ್ಸ್ ನದಿಯ ಅಡಿಯಲ್ಲಿ ರಾದರ್‌ಹೈತ್‌ನಿಂದ ವಾಪಿಂಗಿಗೆ ಹೋಗುವ ಸುರಂಗವು, ಹಡಗು ಸಂಚರಿಸುವ ನದಿಯ ಕೆಳಗೆ ಮನುಷ್ಯರು ಕಟ್ಟಿ ಮುಗಿಸಿದ ಮೊದಲ ಸುರಂಗ. ಮಾರ್ಕ್ ಬ್ರೂನೆಲ್ ಎಂಬ ಯಂತ್ರಶಿಲ್ಪಿ ೧೮೨೫ರಲ್ಲಿ ಇದನ್ನು ಆರಂಭಿಸಿದನು. ಇದಕ್ಕೆ ಮೊದಲು ಅದೇ ನದಿಯ ಅಡಿಯಲ್ಲಿ ಬೇರೆಯವರು ತೋಡಲು ಹೋಗಿ ನೀರು ನುಗ್ಗಿ ಕೈಬಿಟ್ಟಿದ್ದರು. ಬ್ರೂನೆಲನು ಇಳಿಯುವ ಬಾವಿಯನ್ನೇ ವಿಲಕ್ಷಣ ರೀತಿಯಲ್ಲಿ ಮಾಡಿದನು. ಐವತ್ತು ಅಡಿ ಅಗಲದ ಇಟ್ಟಿಗೆಯ ದುಂಡು ಗೋಡೆಯನ್ನು ಮೊದಲು ನೆಲದ ಮೇಲೆ ಕಟ್ಟಿ, ಒಳಗಿನ ಮಣ್ಣನ್ನು ತೆಗೆಯುತ್ತ ಬಂದನು. ಗೋಡೆಯು ತನ್ನ ಭಾರದಿಂದಲೇ ಮೆಲ್ಲಮೆಲ್ಲಗೆ ನೆಲದೊಳಕ್ಕೆ ಇಳಿಯಿತು. ಬಾವಿ ತೋಡಿ ಗೋಡೆ ಕಟ್ಟುವುದು ರೂಢಿ. ಇಲ್ಲಿ ಗೋಡೆ ಕಟ್ಟಿ ಬಾವಿ ತೋಡಿದರು. ಏಕೆಂದರೆ ಸಡಿಲ ಮಣ್ಣಿನಲ್ಲಿ ಗೋಡೆಯಿಲ್ಲದೆ ತೋಡುವವನ ಮೇಲೆ ದಡ ಕುಸಿಯುತ್ತದೆ. ಆಳು ಇಳಿಯುವ ಮೊದಲು ಆಸರೆ ಇಳಿಯಬೇಕು ಎಂಬುದು ಆ ಉಪಾಯದ ತಿರುಳು.

ಬಾವಿಯ ತಳದಿಂದ ಅಡ್ಡಲಾಗಿ ಹೊರಟಾಗ ಅವನು ‘ಗುರಾಣಿ’ಯನ್ನು ಇಟ್ಟನು. ಹಡಗಿನ ಮರವನ್ನು ಕೊರೆಯುವ ಒಂದು ಜಲಜಂತುವು ತನ್ನ ಚಿಪ್ಪಿನ ತಲೆಯಿಂದ ಮರವನ್ನು ಕೊರೆದು, ಹಿಂದೆ ತಾನು ಬಂದ ದಾರಿಗೆ ಒಳಗಿಂದ ಲೇಪ ಕೊಡುತ್ತ ಹೋಗುವುದನ್ನು ನೋಡಿ ಅವನಿಗೆ ಈ ಉಪಾಯ ಹೊಳೆಯಿತೆಂದು ಹೇಳುತ್ತಾರೆ. ಎರಕದ ಕಬ್ಬಿಣದ ಹನ್ನೆರಡು ಚೌಕಟ್ಟುಗಳು ಪಕ್ಕಪಕ್ಕದಲ್ಲಿ. ಒಂದೊಂದರಲ್ಲಿ ಮೂರು ಅಂತಸ್ತು. ಹೀಗೆ ಮೂವತ್ತಾರು ಗೂಡುಗಳು. ಒಂದು ಗೂಡಿಗೆ ಒಬ್ಬ ಅಗೆಯುವವನು. ಅವನ ಮುಂದೆ ಮಣ್ಣನ್ನು ತಡೆದು ನಿಲ್ಲಿಸಿದ ಅಡ್ಡಹಲಗೆಗಳು. ಒಂದೇ ಒಂದು ಹಲಗೆಯನ್ನು ತೆಗೆದು, ಆ ಸಂದಿನಲ್ಲಿ ನಾಲ್ಕೂವರೆ ಅಂಗುಲದಷ್ಟು ಮಣ್ಣನ್ನು ಕೆತ್ತಿ, ಹಲಗೆಯನ್ನು ಮುಂದಕ್ಕೆ ಒತ್ತಿ ಮತ್ತೆ ಬಿಗಿದು, ಆಮೇಲೆ ಮುಂದಿನ ಹಲಗೆಗೆ ಕೈ ಹಾಕಬೇಕು. ಹಿಂದೆ ಗಾರೆಯವರು ಕೂಡಲೇ ಇಟ್ಟಿಗೆಯ ಕಮಾನನ್ನು ಕಟ್ಟುತ್ತ ಬರಬೇಕು. ನದಿಯ ಇದಿರಿಗೆ ಇಡೀ ಗೋಡೆಯನ್ನು ಎಂದೂ ಒಮ್ಮೆಗೆ ತೆರೆಯಬಾರದು. ತೆರೆದುದು ಸದಾ ಒಂದು ಹಲಗೆಯಷ್ಟೇ ಇರಬೇಕು.

ಈ ಗುರಾಣಿಯನ್ನು ಮಕ್ಕಳಿಗೆ ವಿವರಿಸುವವನು ನದಿಯು ಒಳಗೆ ನುಗ್ಗೀತೆಂಬ ಭಯವನ್ನು ಹೇಳದೆ ಬಿಟ್ಟರೆ ಏನು ಉಳಿಯುತ್ತದೆ? ಹನ್ನೆರಡು ಚೌಕಟ್ಟು, ಮೂವತ್ತಾರು ಗೂಡು, ನಾಲ್ಕೂವರೆ ಅಂಗುಲ ಎಂಬ ಬರಿಯ ಲೆಕ್ಕ. ಭಯವನ್ನು ಹೇಳಿದೊಡನೆ ಪ್ರತಿಯೊಂದು ಲೆಕ್ಕಕ್ಕೂ ಅರ್ಥ ಬರುತ್ತದೆ. ದೀಪ, ಗಾಳಿಗುಂಡಿ, ಮೊದಲೇ ಇಳಿದ ಗೋಡೆ, ಹಲಗೆ, ಕಮಾನು ಇವೆಲ್ಲವೂ ಒಂದೊಂದು ಬಗೆಯ ಸಾವಿಗೆ ಮನುಷ್ಯನು ಯೋಚಿಸಿ ಕೊಟ್ಟ ಒಂದೊಂದು ಉತ್ತರ. ಪ್ರಶ್ನೆಯನ್ನು ಮುಚ್ಚಿಟ್ಟು ಉತ್ತರವನ್ನು ಮಾತ್ರ ಬೋಧಿಸುವುದು ಹೇಗೆ ಸಾಧ್ಯ?

ತಗಡಿನ ಸಂದಿಗೆ ಕಣ್ಣಿಟ್ಟ ಮಗು “ಮಣ್ಣು ಮೇಲೆ ಬಿದ್ದರೆ?” ಎಂದು ಕೇಳಿದಾಗ ಅದು ವಿಷಯಾಂತರ ಮಾಡಲಿಲ್ಲ. ಬ್ರೂನೆಲನು ತನಗೆ ತಾನೇ ಕೇಳಿಕೊಂಡ ಪ್ರಶ್ನೆಯನ್ನೇ ಅದು ಕೇಳಿತು. ಜಾಣ್ಮೆ ಬೇರೆ, ಅಪಾಯ ಬೇರೆ ಎಂಬ ಊಹೆ ಇಲ್ಲಿಗೆ ಬಿದ್ದುಹೋಗುತ್ತದೆ. ಅದರೊಡನೆ ಭಯದ ಆಕ್ಷೇಪಕ್ಕೂ ಸಮಾಧಾನ ದೊರೆಯುತ್ತದೆ. ಉತ್ತರವಿಲ್ಲದ ಭಯವು ಮಗುವನ್ನು ಕುಗ್ಗಿಸುತ್ತದೆ ಎಂಬುದು ನಿಜ. ಆದರೆ ಮಣ್ಣು ಬೀಳುತ್ತದೆ, ಬೀಳದಂತೆ ಹೀಗೆ ಮಾಡುತ್ತಾರೆ ಎಂದು ಎರಡನ್ನೂ ಕೂಡಿಸಿ ಹೇಳಿದರೆ ಭಯವೇ ವಿವೇಕಕ್ಕೆ ತಿರುಗುತ್ತದೆ. ಮಗುವು ಬೆಚ್ಚುವುದು, ತನಗೆ ಹೊಳೆದ ಭಯವು ದೊಡ್ಡವರಿಗೆ ಹೊಳೆದೇ ಇಲ್ಲವೋ ಏನೋ ಎಂದು ಅನಿಸಿದಾಗ.

೫

ಆದರೆ ಎಲ್ಲ ಉತ್ತರಗಳೂ ಸಾಲುವುದಿಲ್ಲ ಎಂಬುದನ್ನೂ ಪ್ರಾಮಾಣಿಕವಾಗಿ ಒಪ್ಪಬೇಕು. ಥೇಮ್ಸ್ ನದಿಯು ೧೮೨೭ರ ಮೇ ತಿಂಗಳಲ್ಲಿ ಸುರಂಗದೊಳಕ್ಕೆ ನುಗ್ಗಿತು. ನದಿಯ ತಳದ ತೂತನ್ನು ಜೇಡಿಮಣ್ಣಿನ ಚೀಲಗಳಿಂದ ಮುಚ್ಚಿ ಕೆಲಸವನ್ನು ಮತ್ತೆ ನಡೆಸಿದರು. ೧೮೨೮ರ ಜನವರಿಯಲ್ಲಿ ಪುನಃ ನುಗ್ಗಿತು. ಆ ದಿನ ಆರು ಮಂದಿ ಸತ್ತರು. ಬ್ರೂನೆಲನ ಮಗ ಇಸಂಬಾರ್ಡನು, ಆಗ ಇಪ್ಪತ್ತೊಂದು ವರ್ಷದವನು, ಪೆಟ್ಟು ತಿಂದು ಪ್ರಾಣಾಪಾಯದಿಂದ ಪಾರಾದನು. ಹಣವಿಲ್ಲದೆ ಕೆಲಸವು ಏಳು ವರ್ಷ ನಿಂತಿತು. ಮತ್ತೆ ಆರಂಭವಾಗಿ ೧೮೪೩ರಲ್ಲಿ ಸುರಂಗವು ಜನರಿಗೆ ತೆರೆಯಿತು. ೧೮೬೯ರಿಂದ ಅದರಲ್ಲಿ ರೈಲು ಓಡತೊಡಗಿತು. ಈಗಲೂ ಅದು ರೈಲುದಾರಿಯಾಗಿಯೇ ಇದೆ. ಇಂದು ನಗರಗಳ ಅಡಿಯಲ್ಲಿ ಕೊರೆಯುವ ದೊಡ್ಡ ಯಂತ್ರಗಳೂ ಆ ಗುರಾಣಿಯ ಸಂತತಿಯೇ. ಮುಂದೆ ತಿರುಗುವ ಚಕ್ರವು ಕೊರೆಯುತ್ತದೆ. ಹಿಂದೆ ಕಾಂಕ್ರೀಟಿನ ತುಂಡುಗಳು ಬಳೆಯಂತೆ ಕೂಡಿಕೊಂಡು ಮಾಡನ್ನು ಹೊರುತ್ತವೆ. ೨೦೧೬ರಲ್ಲಿ ಬೆಂಗಳೂರಿನ ಮೆಟ್ರೋದ ಮೊದಲ ನೆಲದಡಿಯ ದಾರಿ ತೆರೆದಾಗ ಅದರಲ್ಲಿ ಕುಳಿತು ಹೋದ ಮಕ್ಕಳು ಅರಿಯದೆಯೇ ಆ ಆರು ಮಂದಿಗೂ ಋಣಿಗಳಾದರು.

ಸತ್ತವರ ಸಂಗತಿಯನ್ನು ಮಕ್ಕಳಿಗೆ ಹೇಗೆ ಹೇಳಬೇಕೆಂಬುದು ಹೊಸ ಪ್ರಶ್ನೆಯಲ್ಲ. ‘ಕೆರೆಗೆ ಹಾರ’ ಎಂಬ ಹಾಡುಗತೆಯನ್ನು ಕೇಳದ ಕನ್ನಡದ ಮನೆಗಳು ವಿರಳ. ಕಟ್ಟಿದ ಕೆರೆಯಲ್ಲಿ ನೀರು ನಿಲ್ಲಲಿಲ್ಲ, ಕಿರಿಯ ಸೊಸೆ ಭಾಗೀರಥಿಯು ಆಹುತಿಯಾದಳು, ನೀರು ತುಂಬಿತು. ತಾಯಂದಿರು ಇದನ್ನು ಮಕ್ಕಳ ಮುಂದೆಯೇ ಹಾಡಿದರು. ಕೆರೆಯ ನೀರನ್ನು ಕುಡಿಯುವವನಿಗೆ ಅದರ ಬೆಲೆ ತಿಳಿದಿರಬೇಕೆಂಬ ನಿಷ್ಠುರವಾದ ಪ್ರಾಮಾಣಿಕತೆ ಆ ಹಾಡಿನಲ್ಲಿದೆ. ಬೆಲೆಯನ್ನು ಮರೆಸುವ ಇಂದಿನ ಸುಶಿಕ್ಷಿತ ಮೌನಕ್ಕಿಂತ ಆ ಹಳ್ಳಿಯ ಹಾಡು ಮೇಲು.

ಆದರೂ ಒಂದು ಭೇದವನ್ನು ಇಲ್ಲಿ ಮಾಡಲೇಬೇಕು. ಹಾಡಿನಲ್ಲಿ ಸಾವು ಬಲಿ. ಅದು ಬೇಕೇ ಬೇಕೆಂದು ಜೋಯಿಸನು ಹೇಳುತ್ತಾನೆ, ಮನೆಯ ಹಿರಿಯರು ಒಪ್ಪುತ್ತಾರೆ, ಕೇಳುವವರು ಕಣ್ಣೀರಿಡುತ್ತಾರೆ. ಸುರಂಗದಲ್ಲಿ ಸತ್ತವರನ್ನು ಹೀಗೆ ಬಲಿಯೆಂದು ಭಾವಿಸಲು ಮಕ್ಕಳಿಗೆ ಕಲಿಸಿದರೆ ದೊಡ್ಡ ಅನ್ಯಾಯವಾಗುತ್ತದೆ. ಬಲಿ ಎಂದೊಡನೆ ಯಾರ ತಪ್ಪೂ ಇಲ್ಲವೆಂದಾಯಿತು; ಸತ್ತವರಿಗೆ ಕೈಮುಗಿದರೆ ಸಾಕೆಂದಾಯಿತು. ನೆಲದಡಿಯ ಸಾವು ದೈವದ ಬೇಡಿಕೆಯಲ್ಲ. ಎಲ್ಲಿಯೋ ಒಂದು ಹಲಗೆಯನ್ನು ಬಿಗಿಯದೆ ಬಿಟ್ಟಿದ್ದಾರೆ, ಒಂದು ಲೆಕ್ಕ ತಪ್ಪಿದೆ, ಅಥವಾ ಒಂದು ಖರ್ಚನ್ನು ಉಳಿಸಿದ್ದಾರೆ.

ಇದಕ್ಕೆ ಇತ್ತೀಚಿನ ಸಾಕ್ಷಿಯೊಂದುಂಟು. ಉತ್ತರಾಖಂಡದ ಉತ್ತರಕಾಶಿ ಜಿಲ್ಲೆಯ ಸಿಲ್ಕ್ಯಾರಾದಲ್ಲಿ ೨೦೨೩ರ ನವೆಂಬರ್ ೧೨ರಂದು, ದೀಪಾವಳಿಯ ಮುಂಜಾನೆ, ಕಟ್ಟುತ್ತಿದ್ದ ರಸ್ತೆ ಸುರಂಗವು ಕುಸಿದು ನಲವತ್ತೊಂದು ಕೆಲಸಗಾರರು ಒಳಗೆ ಸಿಕ್ಕಿಬಿದ್ದರು. ಅಪಾಯಕಾಲದಲ್ಲಿ ಹೊರಬರುವುದಕ್ಕೆ ಅವರಿಗೆ ಇನ್ನೊಂದು ದಾರಿ ಇರಲಿಲ್ಲ. ಸಣ್ಣ ಕೊಳವೆಯ ಮೂಲಕ ಗಾಳಿಯನ್ನೂ ಅನ್ನವನ್ನೂ ಕಳುಹಿಸಿ ಅವರನ್ನು ಬದುಕಿಸಿಕೊಂಡರು. ಮಣ್ಣಿನ ರಾಶಿಯನ್ನು ಕೊರೆಯಲು ತಂದ ದೊಡ್ಡ ಯಂತ್ರವು ಕಬ್ಬಿಣಕ್ಕೆ ಸಿಕ್ಕಿ ಮುರಿಯಿತು. ಕೊನೆಯ ಹತ್ತು ಹನ್ನೆರಡು ಮೀಟರುಗಳನ್ನು ಇಲಿಯ ಬಿಲದಂತೆ ಇಕ್ಕಟ್ಟಾಗಿ ತೋಡುವುದರಲ್ಲಿ ಪಳಗಿದ ಬಡ ಕೆಲಸಗಾರರು ಕೊಳವೆಯೊಳಗೆ ತೆವಳಿ ಹೋಗಿ ಕೈಯಿಂದಲೇ ತೋಡಿದರು. ಹದಿನೇಳನೆಯ ದಿನ, ನವೆಂಬರ್ ೨೮ರ ಸಂಜೆ, ನಲವತ್ತೊಂದು ಮಂದಿಯೂ ಬದುಕಿ ಬಂದರು.

ದೇಶದ ಮಕ್ಕಳು ಇದನ್ನು ಮನೆಮನೆಯಲ್ಲಿ ನೋಡಿದರು. ಅವರಿಗೆ ಹಿರಿಯರು ಹೇಳಿದ್ದೇನು? ಧೈರ್ಯವನ್ನು ಹೊಗಳಿದರು, ದೇವರು ಕಾಪಾಡಿದನೆಂದರು. ಎರಡೂ ಸಲ್ಲುವ ಮಾತುಗಳೇ. ಆದರೆ “ಇನ್ನೊಂದು ದಾರಿಯನ್ನು ಮೊದಲೇ ಏಕೆ ಮಾಡಿರಲಿಲ್ಲ?” ಎಂದು ಕೇಳಿದ ಮಗುವಿಗೆ ಉತ್ತರ ದೊರೆಯದಿದ್ದರೆ ಉಳಿದ ಪಾಠವೆಲ್ಲ ಅಪೂರ್ಣ. ಆ ಪ್ರಶ್ನೆ ಹುಟ್ಟಬೇಕಾದರೆ ಸುರಂಗಕ್ಕೆ ಅಂಥ ದಾರಿ ಇರಬೇಕೆಂಬ ತಿಳಿವಳಿಕೆ ಮೊದಲು ಬೇಕು. ಕಟ್ಟುವ ರೀತಿಯನ್ನು ಅರಿಯದವನು ಸತ್ತವರಿಗಾಗಿ ಮರುಗಬಲ್ಲನಷ್ಟೆ. ಅರಿತವನು ಪ್ರಶ್ನೆಯನ್ನೂ ಕೇಳಬಲ್ಲನು.

೬

ದೂರದ ಸುರಂಗವನ್ನು ಬಿಟ್ಟು ಈಗ ಮನೆಯ ಬಾಗಿಲಿಗೆ ಬರಬಹುದು. ಬೀದಿಯ ನಡುವೆ ಕಬ್ಬಿಣದ ಒಂದು ದುಂಡು ಮುಚ್ಚಳವಿದೆ. ಅದರ ಕೆಳಗಿನ ಒಳಚರಂಡಿಯೇ ಓದುಬರಹದ ಕುಟುಂಬಗಳಿಗೆ ಅತ್ಯಂತ ಹತ್ತಿರದ ನೆಲದಡಿಯ ಕಟ್ಟಡ. ಅವರು ಮಕ್ಕಳಿಗೆ ಎಂದೂ ತೋರಿಸದ ಕಟ್ಟಡವೂ ಅದೇ. ಕೊಳೆತ ಕಶ್ಮಲದಿಂದ ಅಲ್ಲಿ ವಿಷವಾಯು ಹುಟ್ಟುತ್ತದೆ. ಅದು ಸ್ವಲ್ಪವಿದ್ದಾಗ ಕೆಟ್ಟ ಮೊಟ್ಟೆಯಂತೆ ನಾರುತ್ತದೆ. ಹೆಚ್ಚಾದಾಗ ಮೂಗೇ ಮಂಕಾಗಿ ವಾಸನೆಯೂ ತಿಳಿಯದೆ ಹೋಗುತ್ತದೆ. ಇಳಿದವನು ಬೀಳುತ್ತಾನೆ, ಅವನನ್ನು ಎತ್ತಲು ಇಳಿದವನೂ ಬೀಳುತ್ತಾನೆ. ಇಲ್ಲಿಯ ಉತ್ತರಗಳೂ ಗೊತ್ತಿರುವುವೇ: ಮುಚ್ಚಳವನ್ನು ಮೊದಲೇ ತೆರೆದು ಗಾಳಿಯಾಡಿಸಬೇಕು, ವಾಯುವನ್ನು ಪರೀಕ್ಷಿಸಬೇಕು, ಮನುಷ್ಯನ ಬದಲು ಯಂತ್ರವನ್ನು ಇಳಿಸಬೇಕು. ಕಾವಲಿಲ್ಲದೆ ಮನುಷ್ಯನನ್ನು ಇಳಿಸುವುದನ್ನು ೨೦೧೩ರ ಕಾಯಿದೆ ನಿಷೇಧಿಸಿದೆ. ಹಾಗೆ ಸತ್ತವರ ಮನೆಯವರಿಗೆ ಮೂವತ್ತು ಲಕ್ಷ ರೂಪಾಯಿ ಪರಿಹಾರ ಕೊಡಬೇಕೆಂದು ಸರ್ವೋಚ್ಚ ನ್ಯಾಯಾಲಯವು ೨೦೨೩ರ ಅಕ್ಟೋಬರಿನಲ್ಲಿ ಹೇಳಿತು. ಅಂಥ ಸಾವುಗಳು ನಿಂತಿದ್ದರೆ ನ್ಯಾಯಾಲಯವು ಹಾಗೆ ಹೇಳುವ ಅಗತ್ಯವೇ ಬೀಳುತ್ತಿರಲಿಲ್ಲ.

ಉತ್ತರ ಗೊತ್ತಿದ್ದೂ ಅದನ್ನು ಉಪಯೋಗಿಸದೆ ಇರುವುದಕ್ಕೆ ಕಾರಣವೇನು? ಅಲ್ಲಿ ಇಳಿಯುವವರು ತಲೆತಲಾಂತರದಿಂದ ಯಾವ ಜಾತಿಗಳವರು ಎಂಬುದನ್ನು ಎಲ್ಲರೂ ಬಲ್ಲರು. ಮಾರ್ಕ್ ಬ್ರೂನೆಲನು ತನ್ನ ಸ್ವಂತ ಮಗನನ್ನೇ ಸುರಂಗದೊಳಗೆ ನಿಲ್ಲಿಸಿದ್ದನು. ತನ್ನ ಮಗನು ಎಂದೂ ಇಳಿಯಲಾರನೆಂದು ನಿಶ್ಚಯವಾಗಿರುವ ಗುಂಡಿಯ ವಿಷಯದಲ್ಲಿ ಮನುಷ್ಯನ ಬುದ್ಧಿಯು ಅಷ್ಟು ಚುರುಕಾಗಿ ಓಡುವುದಿಲ್ಲ.

ಕರುಣೆಯ ವಿಷಯವಾದ ಎರಡನೆಯ ಆಕ್ಷೇಪಕ್ಕೆ ಸಮಾಧಾನ ಇಲ್ಲಿದೆ. ಮಗುವಿನ ಕೈಯಲ್ಲಿ ಏನೂ ಆಗದೆಂಬುದು ಸರಿಯಲ್ಲ. ಬಚ್ಚಲಿಗೆ ಬಟ್ಟೆಯ ಚೂರನ್ನೂ ಪ್ಲಾಸ್ಟಿಕ್ಕನ್ನೂ ಎಸೆದರೆ ಕೊಳವೆ ಕಟ್ಟುತ್ತದೆ, ಕಟ್ಟಿದರೆ ಯಾರನ್ನೋ ಇಳಿಸಬೇಕಾಗುತ್ತದೆ ಎಂದು ತಿಳಿದ ಮಗು ಎಸೆಯುವುದಿಲ್ಲ. ಕೆಲಸಕ್ಕೆ ಬಂದವನಿಗೆ ಕುಡಿಯಲು ನೀರನ್ನು ಬೇರೆ ಲೋಟದಲ್ಲಿ ಕೊಟ್ಟರೆ “ಅಜ್ಜೀ, ಅದೇಕೆ ಬೇರೆ?” ಎಂದು ಅದು ಕೇಳುತ್ತದೆ. ಇದು ಅಲ್ಪಶಕ್ತಿಯಲ್ಲ. ಮೇಲಾಗಿ, ಬರಹ ಬಲ್ಲ ಮನೆಗಳ ಮಕ್ಕಳೇ ನಾಳೆ ನಕ್ಷೆಗಳಿಗೆ ರುಜು ಹಾಕುವವರು, ಖರ್ಚಿನ ಪಟ್ಟಿಯನ್ನು ತಿದ್ದುವವರು, ವಿಚಾರಣೆ ನಡೆಸುವವರು. ‘ಇನ್ನೊಂದು ದಾರಿ’ ಎಂಬ ಬಾಬ್ತನ್ನು ಅನಗತ್ಯವೆಂದು ಹೊಡೆದುಹಾಕುವ ಲೇಖನಿ ಅವರ ಕೈಯಲ್ಲಿಯೇ ಇರುತ್ತದೆ. ಸಮಯ ಬಂದಾಗ ತಿಳಿಯಲಿ ಎನ್ನುವವರು, ಆ ಸಮಯವು ರುಜು ಹಾಕಿದ ಮೇಲೆ ಬಂದರೆ ಏನು ಪ್ರಯೋಜನವೆಂಬುದನ್ನು ಯೋಚಿಸಬೇಕು.

ಮನುಷ್ಯನು ಹುಟ್ಟುವಾಗಲೇ ಋಣಗಳನ್ನು ಹೊತ್ತು ಹುಟ್ಟುತ್ತಾನೆ ಎಂಬುದು ಹಳೆಯ ಮಾತು. ದೇವಋಣ, ಋಷಿಋಣ, ಪಿತೃಋಣ ಎಂಬ ಮೂರನ್ನು ಎಲ್ಲರೂ ಹೇಳುತ್ತಾರೆ. ಶತಪಥ ಬ್ರಾಹ್ಮಣವು ನಾಲ್ಕನೆಯದಾಗಿ ಮನುಷ್ಯಋಣವನ್ನೂ ಹೇಳುತ್ತದೆ. ಜನರಿಗೆ ಇರಲು ಎಡೆಯನ್ನೂ ಉಣ್ಣಲು ಅನ್ನವನ್ನೂ ಕೊಡುವುದರಿಂದ ಅದು ತೀರುವುದೆಂದು ಅಲ್ಲಿಯ ಭಾವ. ಯಾರಿಗೆ ಋಣಿಯೆಂಬುದೇ ತಿಳಿಯದಿದ್ದರೆ ತೀರಿಸುವ ಯೋಚನೆ ಬರುವುದೆಲ್ಲಿಂದ? ನೆಲದಡಿಯ ಕೆಲಸವನ್ನು ಮಕ್ಕಳಿಗೆ ತೋರಿಸುವುದೆಂದರೆ ಅವರ ಲೆಕ್ಕದ ಪುಸ್ತಕದಲ್ಲಿ ಬರೆಯದೆ ಬಿಟ್ಟ ಒಂದು ಋಣವನ್ನು ಬರೆದಿಡುವುದು.

೭

ಎಲ್ಲವನ್ನೂ ಎಲ್ಲ ವಯಸ್ಸಿನಲ್ಲಿಯೂ ಹೇಳಬೇಕೆಂದು ಇದರ ಅರ್ಥವಲ್ಲ. ಐದು ವರ್ಷದ ಮಗುವಿಗೆ ಮರಳಿನ ಗುಪ್ಪೆ ಸಾಕು; ಅದು ಕುಸಿದಾಗ “ಒಳಗೆ ಇರುವೆಯೊಂದು ಇದ್ದಿದ್ದರೆ ಏನು ಮಾಡುತ್ತಿತ್ತು?” ಎಂದು ಕೇಳಿದರೆ ಅಲ್ಲಿಗೆ ಪಾಠ ಮುಗಿಯಿತು. ಎಂಟು ವರ್ಷದವರಿಗೆ ಬೀದಿಯನ್ನು ಸೀಳಿದಂತೆ ಚಿತ್ರ ಬರೆದು ಕೊಳವೆಗಳನ್ನು ತೋರಿಸಬಹುದು; ಗಾಳಿಗುಂಡಿಯ ಕಾರಣವನ್ನು ಅವರಿಂದಲೇ ಹೇಳಿಸಬಹುದು. ಹನ್ನೆರಡು ವರ್ಷದವರಿಗೆ ಆ ಆರು ಮಂದಿಯ ಸಂಗತಿಯನ್ನೂ ಸಿಲ್ಕ್ಯಾರಾದ ಸಂಗತಿಯನ್ನೂ ಬೀದಿಯ ಮುಚ್ಚಳದ ಸಂಗತಿಯನ್ನೂ ಹೇಳಬಹುದು. ಅಳತೆಯು ವಯಸ್ಸಿಗೆ ತಕ್ಕಂತೆ ಬದಲಾಗಲಿ. ಹೇಳಿದ್ದು ಮಾತ್ರ ಯಾವ ವಯಸ್ಸಿನಲ್ಲಿಯೂ ಸುಳ್ಳಾಗದಿರಲಿ. ಯಂತ್ರವೇ ಎಲ್ಲವನ್ನೂ ಮಾಡಿತೆಂದು ಹೇಳುವುದು ಅಂಥದೊಂದು ಸುಳ್ಳು.

ಬೀದಿಯಲ್ಲಿ ನಿಂತ ತಂದೆಗೆ ಇಷ್ಟೆಲ್ಲ ಪಾಂಡಿತ್ಯವೂ ಬೇಕಾಗಿಲ್ಲ. ಒಂದು ಗಳಿಗೆ ನಿಂತರೆ ಸಾಕು. “ಒಳ್ಳೆಯ ಪ್ರಶ್ನೆ ಕೇಳಿದೆ, ಮಗು. ಮಣ್ಣು ಬೀಳದ ಹಾಗೆ ಅವರು ಏನು ಮಾಡಿದ್ದಾರೆ ನೋಡೋಣ” ಎಂದು ತಾನೂ ಸಂದಿಗೆ ಕಣ್ಣಿಡಬಹುದು. ಪಕ್ಕದ ಮಣ್ಣಿಗೆ ಹಲಗೆಯ ಆಸರೆ ಇದ್ದರೆ ಅದನ್ನು ತೋರಿಸಬಹುದು. ಆಸರೆ ಇಲ್ಲದಿದ್ದರೆ, ಮಗುವಿನ ಕೈ ಹಿಡಿದುಕೊಂಡೇ ಹೋಗಿ, ಅದೇಕೆ ಇಲ್ಲವೆಂದು ಅಲ್ಲಿಯ ಮೇಸ್ತ್ರಿಯನ್ನು ಕೇಳಬಹುದು.